ಪಂಚರಿಲ್ಲದ ಪಂಚನಾಮೆ

ಬೆಂಗಳೂರಿನಿಂದ ಮುಂಬೈಗೆ ಹೊರಟ ಲಾರಿ ದಾವಣಗೆರೆ, ಹುಬ್ಬಳ್ಳಿ, ಬೆಳಗಾವಿ, ಕೊಲ್ಲಾಪುರ, ಸಾತಾರಾ ದಾಟಿ ಪುಣೆಯ ಬಾಗಿಲಿಗೆ ಬರುವುದು ಕಾತ್ರಜದಲ್ಲಿ. ಹೊಸ ಕಾತ್ರಜ ಸುರಂಗದಿಂದ ಹೊರಬಿದ್ದ ಹೆದ್ದಾರಿ ನವಲೆ ಸೇತುವೆಯ ತನಕ ಇಳಿಜಾರು. ಡೀಸೆಲ್ ಉಳಿಯಲಿ ಎಂದು ನ್ಯೂಟ್ರಲ್‌ನಲ್ಲಿ ಇಳಿಯುವ ಗಾಡಿಗಳು, ಒತ್ತಿ ಒತ್ತಿ ಕಾದುಹೋದ ಬ್ರೇಕುಗಳು ಇಲ್ಲಿನ ಅಪಘಾತಗಳಿಗೆ ಪೊಲೀಸರು ಮತ್ತೆ ಮತ್ತೆ ಹೇಳುವ ಕಾರಣ. 2022ರ ನವೆಂಬರ್ 20ರ ರಾತ್ರಿ ಇದೇ ಇಳಿಜಾರಿನಲ್ಲಿ ಒಂದು ಭಾರಿ ವಾಹನ ಹತ್ತಾರು ಗಾಡಿಗಳಿಗೆ ಗುದ್ದಿಕೊಂಡು ಹೋಯಿತು.

ಇಂಥ ಅಪಘಾತವಾದ ಮೇಲೆ ರಸ್ತೆಬದಿಯಲ್ಲಿ ಮೂರು ಬಗೆಯ ಜನ ಕಾಣಿಸಿಕೊಳ್ಳುತ್ತಾರೆ. ಪಂಚನಾಮೆ ಬರೆಯುವ ಪೊಲೀಸರು, ಗಾಡಿ ಎತ್ತುವ ಕ್ರೇನಿನವರು, ಮತ್ತು ಕ್ಯಾಮೆರಾ ಹಿಡಿದು ಚಾಸಿ ನಂಬರ್ ಹುಡುಕುವ ಇನ್ನೊಬ್ಬರು. ಈ ಮೂರನೆಯವರು ವಿಮಾ ಸರ್ವೇಯರ್. ಲಾರಿಯ ಪಾಲಿಸಿ ದಾವಣಗೆರೆಯ ಶಾಖೆಯದ್ದಿರಬಹುದು, ಮಾಲೀಕ ಅಲ್ಲೇ ಇರಬಹುದು. ಆದರೆ ಗಾಡಿಯನ್ನು ಬಿದ್ದ ಜಾಗದಿಂದ ಎತ್ತುವ ಮೊದಲೇ ನೋಡಿ ಬರೆಯುವ ಕೆಲಸಕ್ಕೆ ಕಂಪನಿ ಪುಣೆಯ ಒಬ್ಬರನ್ನು ಕಳಿಸುತ್ತದೆ. ಇದು ಸ್ಪಾಟ್ ಸರ್ವೆ. ಗಾಡಿ ಗ್ಯಾರೇಜಿಗೆ ಹೋದ ಮೇಲೆ ನಡೆಯುವುದು ಫೈನಲ್ ಸರ್ವೆ. ರಿಪೇರಿ ಮುಗಿದ ಮೇಲೆ ಹೊಸ ಸಾಮಾನು ನಿಜವಾಗಿ ಹಾಕಿದ್ದಾರೆಯೇ ಎಂದು ನೋಡುವುದು ಮರುತಪಾಸಣೆ. ಕಾತ್ರಜದಲ್ಲಿ ಮರಾಠಿ ಮಾತಾಡುವವರು ಬರೆದ ಇಂಗ್ಲಿಷ್ ಟಿಪ್ಪಣಿ ದಾವಣಗೆರೆಯ ಮಾಲೀಕನ ಮುಂದಿನ ಒಂದೆರಡು ವರ್ಷದ ಸಾಲದ ಕಂತುಗಳನ್ನು ನಿರ್ಧರಿಸುತ್ತದೆ.

ಪಂಚನಾಮೆ ಎಂಬ ಮಾತು ಕನ್ನಡಕ್ಕೂ ಮರಾಠಿಗೂ ಒಂದೇ. ಪಂಚ ಎಂದರೆ ಐವರು, ನಾಮೆ ಎಂದರೆ ಬರಹ. ಈಗ ಇಬ್ಬರು ಸಾಕ್ಷಿಗಳಿದ್ದರೂ ಹೆಸರು ಹಳೆಯದೇ. ಅದರ ಹಿಂದಿನ ಯೋಚನೆ ಸರಳ: ಜಗಳದಲ್ಲಿ ಪಾಲಿಲ್ಲದ ನಾಲ್ಕು ಜನ ನೋಡಿ ಸಹಿ ಹಾಕಿದರೆ ಕಂಡದ್ದು ಕಂಡಂತೆ ದಾಖಲಾಗುತ್ತದೆ. ವಿಮೆಯ ನಷ್ಟಕ್ಕೆ ಮಾತ್ರ ಪಂಚರಿಲ್ಲ. ಅಲ್ಲಿ ನೋಡುವವರು ಒಬ್ಬರೇ. ಅವರನ್ನು ಕಳಿಸುವುದು, ಅವರಿಗೆ ಹಣ ಕೊಡುವುದು ಆ ಕ್ಲೇಮಿನ ಒಂದು ಪಕ್ಷವಾದ ಕಂಪನಿ. ಆದರೂ ಅವರು ಯಾರ ಕಡೆಗೂ ಸೇರಬಾರದು ಎಂದು ಕಾನೂನು ಬಯಸುತ್ತದೆ. ಈ ಎರಡನ್ನೂ ಹೊಂದಿಸಲು ಭಾರತ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಬರೆದು ತಿದ್ದಿದ ನಿಯಮಗಳ ಕಥೆ ಇದು.

ಒಬ್ಬರಿಗೆ ಎರಡು ಹೆಸರು

ನಮ್ಮ ಹಳ್ಳಿಗಳಲ್ಲಿ ಸರ್ವೇಯರ್ ಎಂದರೆ ಹೊಲ ಅಳೆಯಲು ಸರಪಳಿ ಹಿಡಿದು ಬರುವವರು. ವಿಮೆಯ ಸರ್ವೇಯರ್ ಬೇರೆ ದಾರಿಯಿಂದ, ಸಮುದ್ರದ ಕಡೆಯಿಂದ ಬಂದವರು. ಹದಿನೇಳನೇ ಶತಮಾನದ ಕೊನೆಯಲ್ಲಿ ಲಂಡನ್ನಿನ ಎಡ್ವರ್ಡ್ ಲಾಯ್ಡ್ ಎಂಬಾತನ ಕಾಫಿ ಅಂಗಡಿಯಲ್ಲಿ ಹಡಗಿನ ವಿಮೆಯ ವ್ಯವಹಾರ ಬೆಳೆಯಿತು. ಹಡಗು ಒಡೆಯುವುದು ದೂರದ ಯಾವುದೋ ಬಂದರಿನಲ್ಲಿ, ಹಣ ಕೊಡಬೇಕಾದವರು ಕೂತಿರುವುದು ಲಂಡನ್ನಿನಲ್ಲಿ. ಹಾಳಾದ ಸರಕನ್ನು ಕಣ್ಣಾರೆ ನೋಡಿ ಬರೆದು ಕಳಿಸುವ ನಂಬಿಕಸ್ತ ಬೇಕಿತ್ತು. 1811ರಿಂದ ಲಾಯ್ಡ್ಸ್ ಬಂದರು ಬಂದರಿಗೆ ಏಜೆಂಟರನ್ನು ನೇಮಿಸತೊಡಗಿತು. ದೂರದಲ್ಲಿರುವ ಕಂಪನಿಯ ಕಣ್ಣು ಎಂಬುದೇ ಈ ಕಸುಬಿನ ಮೊದಲ ಅರ್ಥ.

ಬ್ರಿಟನ್ನಿನಲ್ಲಿ ಮುಂದೆ ಈ ಕೆಲಸ ಎರಡಾಗಿ ಒಡೆಯಿತು. ಕಂಪನಿ ನೇಮಿಸುವವರು ಲಾಸ್ ಅಡ್ಜಸ್ಟರ್. ನಷ್ಟವಾದವರು ತಮ್ಮ ಪರವಾಗಿ ಲೆಕ್ಕ ಕಟ್ಟಿ ವಾದಿಸಲು ತಾವೇ ಹಣ ಕೊಟ್ಟು ಇಟ್ಟುಕೊಳ್ಳುವವರು ಲಾಸ್ ಅಸೆಸರ್. ಹೆಸರು ಕೇಳಿದ ಕೂಡಲೇ ಯಾರು ಯಾರ ಕಡೆ ಎಂದು ತಿಳಿಯುತ್ತದೆ. ಭಾರತದ ಕಾನೂನು ಈ ಮಾತುಗಳಲ್ಲಿ ಒಂದನ್ನು ತಂದುಕೊಂಡಿತು, ಆದರೆ ಆ ಒಡಕನ್ನು ತರಲಿಲ್ಲ. ಇಲ್ಲಿ ಲೈಸೆನ್ಸಿನ ಮೇಲೆ ಬರೆದಿರುವುದು ‘ಸರ್ವೇಯರ್ ಮತ್ತು ಲಾಸ್ ಅಸೆಸರ್’ ಎಂದು. ಹೆಸರು ಎರಡು, ಆಳು ಒಬ್ಬರೇ. ಅಲ್ಲಿ ನಷ್ಟವಾದವನ ಕಡೆಯವರಿಗೆ ಇದ್ದ ಹೆಸರನ್ನು ಇಲ್ಲಿ ಕಂಪನಿ ಕಳಿಸಿದವರು ಹೊತ್ತುಕೊಂಡರು. ಹಾಗಾಗಿ ಬಂದವರು ಯಾರ ಕಡೆಯವರು ಎಂಬ ಪ್ರಶ್ನೆಗೆ ಹೆಸರಿನಲ್ಲಿ ಉತ್ತರ ಸಿಗುವುದಿಲ್ಲ. ಉತ್ತರವನ್ನು ನಿಯಮಗಳಲ್ಲಿ ಹುಡುಕಬೇಕು.

ಲೈಸೆನ್ಸ್ ಇಲ್ಲದ ಕಾಲ

1961ರ ಜುಲೈ 12ರಂದು ಪುಣೆಯ ಮೇಲಿನ ಪಾನಶೆತ್ ಅಣೆಕಟ್ಟು ಒಡೆಯಿತು. ಅದರ ನೀರಿನ ರಭಸಕ್ಕೆ ಕೆಳಗಿನ ಖಡಕ್‌ವಾಸ್ಲಾ ಅಣೆಕಟ್ಟೂ ಒಡೆಯಿತು. ನಮ್ಮ ವಿಶ್ವೇಶ್ವರಯ್ಯನವರು ಇಪ್ಪತ್ತನೇ ಶತಮಾನದ ಆರಂಭದಲ್ಲಿ ತಾವೇ ರೂಪಿಸಿದ ಸ್ವಯಂಚಾಲಿತ ಗೇಟುಗಳನ್ನು ಅಳವಡಿಸಿದ್ದು ಇದೇ ಖಡಕ್‌ವಾಸ್ಲಾಕ್ಕೆ. ಮುಠಾ ನದಿ ದಡದ ಪೇಟೆಗಳು ಮುಳುಗಿದವು; ಅಂಗಡಿ, ಗೋದಾಮು, ಮುದ್ರಣಾಲಯಗಳಿಗೆ ನೀರು ನುಗ್ಗಿತು.

ಆ ಹೊತ್ತಿಗೆ ಜೀವವಿಮೆ ರಾಷ್ಟ್ರೀಕರಣವಾಗಿ ಐದು ವರ್ಷ ಕಳೆದಿತ್ತು. ಬೆಂಕಿ, ಹಡಗು, ವಾಹನಗಳ ಸಾಮಾನ್ಯ ವಿಮೆ ಮಾತ್ರ ಖಾಸಗಿ ಕಂಪನಿಗಳ ಕೈಯಲ್ಲಿತ್ತು. 1938ರ ವಿಮಾ ಕಾಯ್ದೆ ಕಂಪನಿಗಳ ಠೇವಣಿ, ಹೂಡಿಕೆ, ಏಜೆಂಟರ ಲೈಸೆನ್ಸ್ ಎಲ್ಲದರ ಬಗ್ಗೆ ಮಾತಾಡಿತ್ತು. ಪಾಲಿಸಿ ಮಾರುವವರಿಗೆ ಲೈಸೆನ್ಸ್ ಬೇಕಿತ್ತು. ಆದರೆ ನಷ್ಟ ಅಳೆಯುವವರಿಗೆ ಬೇಕಿರಲಿಲ್ಲ. 1957ರಲ್ಲಿ ಜನರಲ್ ಇನ್ಶೂರೆನ್ಸ್ ಕೌನ್ಸಿಲ್ ಕಂಪನಿಗಳಿಗೆಂದು ಒಂದು ನಡತೆಯ ಸಂಹಿತೆ ರೂಪಿಸಿತಾದರೂ ಅದು ಕಂಪನಿಗಳು ತಮಗೆ ತಾವೇ ಹಾಕಿಕೊಂಡ ಕಟ್ಟು. ಪುಣೆಯ ಅಂಗಡಿಯವರ ಪಾಲಿಸಿಯಲ್ಲಿ ನೆರೆಹಾನಿ ಸೇರಿದ್ದರೂ, ಅವರ ಕೆಸರು ತುಂಬಿದ ಗೋದಾಮನ್ನು ನೋಡಿ ಎಷ್ಟು ಹೋಯಿತು ಎಂದು ಬರೆಯುವವರಿಗೆ ಯಾವ ಓದು ಇರಬೇಕು, ಅವರು ತಪ್ಪಿದರೆ ಯಾರು ಕೇಳಬೇಕು ಎಂದು ಯಾವ ಕಾನೂನೂ ಹೇಳಿರಲಿಲ್ಲ. ಅದೇ 1961ರಲ್ಲಿ ಬ್ರಿಟನ್ನಿನ ಲಾಸ್ ಅಡ್ಜಸ್ಟರುಗಳ ಸಂಸ್ಥೆಗೆ ರಾಜಮನ್ನಣೆಯ ಸನ್ನದು ಸಿಕ್ಕಿತು.

1968: ಕಾಯ್ದೆಗೆ ಬಂದ ಸರ್ವೇಯರ್

ಏಳು ವರ್ಷದ ನಂತರ, 1968ರ ತಿದ್ದುಪಡಿಯಲ್ಲಿ ವಿಮಾ ಕಾಯ್ದೆಗೆ 64ಯುಎಂ ಎಂಬ ಕಲಮು ಸೇರಿತು. ಲೈಸೆನ್ಸ್ ಇಲ್ಲದೆ ಯಾರೂ ಸರ್ವೇಯರ್ ಕೆಲಸ ಮಾಡುವಂತಿಲ್ಲ ಎಂದು ಅದು ಹೇಳಿತು. ಎಂಜಿನಿಯರಿಂಗ್ ಪದವಿ, ಚಾರ್ಟರ್ಡ್ ಅಕೌಂಟೆಂಟ್ ಅಥವಾ ಕಾಸ್ಟ್ ಅಕೌಂಟೆಂಟ್ ಅರ್ಹತೆ, ಇಲ್ಲವೇ ವಿಮೆಯ ಓದು ಇದ್ದವರಿಗೆ ದಾರಿ ತೆರೆಯಿತು. ಆಗಲೇ ಈ ಕಸುಬಿನಲ್ಲಿದ್ದವರನ್ನು ಹೊರಗಿಡಲಿಲ್ಲ. 20,000 ರೂಪಾಯಿ ಅಥವಾ ಅದಕ್ಕೂ ಹೆಚ್ಚಿನ ನಷ್ಟಕ್ಕೆ ಲೈಸೆನ್ಸ್ ಇರುವವರ ವರದಿ ಪಡೆಯದೆ ಕಂಪನಿ ಕ್ಲೇಮು ಇತ್ಯರ್ಥ ಮಾಡುವಂತಿಲ್ಲ ಎಂಬ ಷರತ್ತು ಕಲಮಿನಲ್ಲಿ ನಿಂತಿತು.

ಈ ಷರತ್ತು ಎರಡು ಕಡೆಗೂ ಕೆಲಸ ಮಾಡುತ್ತದೆ. ತನಗೆ ಬೇಕಾದವರಿಗೆ ಕಂಪನಿ ಸುಮ್ಮನೆ ಹಣ ಕೊಡದಂತೆ ತಡೆಯುತ್ತದೆ. ನಷ್ಟವಾದವನನ್ನು ನೋಡದೆಯೇ ಕಳಿಸದಂತೆಯೂ ತಡೆಯುತ್ತದೆ. ಆದರೆ ಅದೇ ಕಲಮಿಗೆ ಒಂದು ಬಾಲವಿತ್ತು. ಸರ್ವೇಯರ್ ಹೇಳಿದ ಮೊತ್ತಕ್ಕಿಂತ ಬೇರೆ ಮೊತ್ತಕ್ಕೆ ಕ್ಲೇಮು ಮುಗಿಸುವ ಕಂಪನಿಯ ಹಕ್ಕನ್ನು ಇದು ಕಿತ್ತುಕೊಳ್ಳುವುದಿಲ್ಲ ಎಂಬುದೇ ಆ ಬಾಲ. ಅಂದರೆ ವರದಿ ಇಲ್ಲದೆ ಆಗುವುದಿಲ್ಲ, ಆದರೆ ವರದಿಯೇ ಕೊನೆಯ ಮಾತೂ ಅಲ್ಲ. ಮುಂದಿನ ಐವತ್ತು ವರ್ಷ ಕೋರ್ಟುಗಳಲ್ಲಿ ನಡೆದ ವಾದಗಳಲ್ಲಿ ಹಲವು ಈ ಎರಡು ವಾಕ್ಯಗಳ ನಡುವಿನ ಸಂದಿನಲ್ಲಿ ಹುಟ್ಟಿದವು.

1973ರ ಜನವರಿ 1ರಿಂದ ಸಾಮಾನ್ಯ ವಿಮೆಯೂ ರಾಷ್ಟ್ರೀಕರಣವಾಯಿತು. 107 ಕಂಪನಿಗಳು ನಾಲ್ಕರಲ್ಲಿ ಸೇರಿಹೋದವು: ಕಲ್ಕತ್ತೆಯ ನ್ಯಾಷನಲ್, ಬೊಂಬಾಯಿಯ ನ್ಯೂ ಇಂಡಿಯಾ, ದೆಹಲಿಯ ಓರಿಯಂಟಲ್, ಮದ್ರಾಸಿನ ಯುನೈಟೆಡ್ ಇಂಡಿಯಾ. ಸರ್ವೇಯರರ ದೃಷ್ಟಿಯಿಂದ ಇದರ ಅರ್ಥವೇನು? ಲೈಸೆನ್ಸ್ ಕೊಡುವುದು ಸರ್ಕಾರ. ಕೆಲಸ ಕೊಡುವ ನಾಲ್ಕು ಕಂಪನಿಗಳೂ ಸರ್ಕಾರದವೇ. ಕಂಪನಿಯ ಕಚೇರಿಯ ಪಟ್ಟಿಯಲ್ಲಿ ಹೆಸರಿದ್ದರೆ ಕೆಲಸ, ಇಲ್ಲದಿದ್ದರೆ ಇಲ್ಲ. ಲೈಸೆನ್ಸ್ ಅವರನ್ನು ಸ್ವತಂತ್ರ ವೃತ್ತಿಪರರೆಂದು ಕರೆಯಿತು, ಊಟ ಮಾತ್ರ ಆ ಪಟ್ಟಿಯಿಂದ ಬರುತ್ತಿತ್ತು.

ನಡತೆಗೆ ಬಂದ ಅಕ್ಷರ

ರಿಸರ್ವ್ ಬ್ಯಾಂಕಿನ ಗವರ್ನರ್ ಆಗಿದ್ದ ಆರ್.ಎನ್. ಮಲ್ಹೋತ್ರಾ ಅವರ ಅಧ್ಯಕ್ಷತೆಯಲ್ಲಿ 1993ರಲ್ಲಿ ಸಮಿತಿಯೊಂದು ನೇಮಕವಾಯಿತು. 1994ರ ಅದರ ವರದಿ ವಿಮಾ ಕ್ಷೇತ್ರವನ್ನು ಖಾಸಗಿಗೆ ತೆರೆಯಬೇಕು, ಅದನ್ನು ನೋಡಿಕೊಳ್ಳಲು ಪ್ರತ್ಯೇಕ ಪ್ರಾಧಿಕಾರ ಬೇಕು ಎಂದಿತು. 1999ರಲ್ಲಿ ಪ್ರಾಧಿಕಾರದ ಕಾಯ್ದೆ ಬಂತು. 2000ದಲ್ಲಿ ಆ ಪ್ರಾಧಿಕಾರ ಸರ್ವೇಯರರ ಲೈಸೆನ್ಸ್, ವೃತ್ತಿ ಅರ್ಹತೆ ಮತ್ತು ನಡತೆಯ ಸಂಹಿತೆ ಎಂಬ ಮೂರನ್ನೂ ಒಂದೇ ಕಡೆ ಕಟ್ಟಿದ ನಿಯಮಾವಳಿ ಹೊರಡಿಸಿತು.

ಹೊಸಬರು ಹನ್ನೆರಡು ತಿಂಗಳು ಅನುಭವಿಗಳ ಕೈಕೆಳಗೆ ಕಲಿತು ಪರೀಕ್ಷೆ ಪಾಸಾಗಬೇಕು. ಆಗ ಲೈಸೆನ್ಸ್ ಐದು ವರ್ಷಕ್ಕೆ ಇತ್ತು. ಬೆಂಕಿ, ಸಮುದ್ರ ಸರಕು, ಎಂಜಿನಿಯರಿಂಗ್, ಮೋಟಾರು, ಲಾಭನಷ್ಟ ಎಂದು ವಿಭಾಗಗಳು. ತನಗೆ ಗೊತ್ತಿಲ್ಲದ ವಿಭಾಗದ ಕೆಲಸ ಒಪ್ಪಿಕೊಳ್ಳುವಂತಿಲ್ಲ. ಇವೆಲ್ಲ ಯಾವ ಕಸುಬಿಗೂ ಇರುವ ಕಟ್ಟಳೆಗಳು. ಸಂಹಿತೆಯ ಉಳಿದ ಸಾಲುಗಳು ಬೇರೆ. ಕಂಪನಿಯ ಸೂಚನೆಯ ಮೇರೆಗೆ ಕೆಲಸ ಮಾಡುವಾಗಲೂ ನಿಷ್ಪಕ್ಷಪಾತವಾಗಿರಬೇಕು. ನಷ್ಟವಾದ ಆಸ್ತಿಯಲ್ಲಿ ತನಗೋ ತನ್ನ ನೆಂಟರಿಗೋ ವ್ಯಾಪಾರದ ಪಾಲುದಾರರಿಗೋ ಹಿತಾಸಕ್ತಿ ಇದ್ದರೆ ತಿಳಿಸಬೇಕು. ತನ್ನ ಸ್ವಾತಂತ್ರ್ಯದ ಬಗ್ಗೆ ಅನುಮಾನ ಬರುವಂಥ ನೇಮಕವಾದರೆ ಸಂಬಂಧಪಟ್ಟ ಎಲ್ಲರಿಗೂ ಅದನ್ನು ಹೇಳಬೇಕು. ಎದುರಿಗೆ ಬಂದವರ ಜೊತೆ ಸೌಜನ್ಯದಿಂದ ನಡೆದುಕೊಳ್ಳಬೇಕು. ಫೋಟೊ, ಕಾಗದಪತ್ರ, ಸರ್ವೆಯ ದಾಖಲೆ ಪುಸ್ತಕವನ್ನು ಕಾಯ್ದಿಡಬೇಕು.

2002ರಲ್ಲಿ ಪಾಲಿಸಿದಾರರ ಹಿತರಕ್ಷಣೆಯ ನಿಯಮಗಳು ಇದಕ್ಕೆ ಗಡಿಯಾರ ಕಟ್ಟಿದವು. ಆ ನಿಯಮಗಳ ಪ್ರಕಾರ ನಷ್ಟದ ಸುದ್ದಿ ತಲುಪಿದ 72 ಗಂಟೆಯೊಳಗೆ ಸರ್ವೇಯರ್ ನೇಮಕವಾಗಬೇಕಿತ್ತು. ನೇಮಕವಾದ 30 ದಿನದೊಳಗೆ ವರದಿ ಬರಬೇಕಿತ್ತು. ಪಾಲಿಸಿದಾರ ಬೇಕೆಂದರೆ ಅವನಿಗೂ ಒಂದು ಪ್ರತಿ ಕೊಡಬೇಕು. ಜಟಿಲ ಪ್ರಕರಣಗಳಲ್ಲಿ ಕೂಡ ಆರು ತಿಂಗಳು ಮೀರುವಂತಿರಲಿಲ್ಲ. ‘ಬೇಕೆಂದರೆ’ ಎಂಬ ಮಾತನ್ನು ಗಮನಿಸಿ. ಕೇಳಿದವರಿಗೆ ಮಾತ್ರ ಸಿಗುವ ಹಕ್ಕು ಅದು, ಕೇಳಬಹುದು ಎಂದು ಗೊತ್ತಿರುವವರೇ ಕಡಿಮೆ.

2005ರಲ್ಲಿ ಸರ್ವೇಯರರಿಗೇ ಹೈದರಾಬಾದಿನಲ್ಲಿ ಒಂದು ಸಂಸ್ಥೆ ಹುಟ್ಟಿತು. ಲೈಸೆನ್ಷಿಯೇಟ್, ಅಸೋಸಿಯೇಟ್, ಫೆಲೊ ಎಂಬ ಮೂರು ಮೆಟ್ಟಿಲುಗಳ ಸದಸ್ಯತ್ವ ಬಂತು. 2015ರಲ್ಲಿ 64ಯುಎಂ ಕಲಮನ್ನೇ ಹೊಸದಾಗಿ ಬರೆಯಲಾಯಿತು. ಅಲ್ಲಿಯವರೆಗೆ ಕಾಯ್ದೆಯಲ್ಲಿದ್ದ 20,000 ರೂಪಾಯಿಯ ಗೆರೆ ಹೋಯಿತು. ಗೆರೆ ಎಳೆಯುವ ಅಧಿಕಾರ ಪ್ರಾಧಿಕಾರಕ್ಕೆ ಬಂತು. ಆ ವರ್ಷದ ನಿಯಮಾವಳಿ ಮೋಟಾರು ನಷ್ಟಕ್ಕೆ 50,000, ಉಳಿದವಕ್ಕೆ ಒಂದು ಲಕ್ಷ ಎಂದು ಗೆರೆ ಎಳೆಯಿತು. ಅದಕ್ಕಿಂತ ಸಣ್ಣ ನಷ್ಟವನ್ನು ಕಂಪನಿ ತನ್ನ ಸಿಬ್ಬಂದಿಯಿಂದಲೇ ಅಳೆಸಬಹುದು. ಗೆರೆ ಮೇಲೇರಿದಷ್ಟೂ ಸಣ್ಣ ಪಾಲಿಸಿದಾರ ಈ ಮೂರನೆಯವರ ರಕ್ಷಣೆಯಿಂದ ಹೊರಗೆ ಬೀಳುತ್ತಾನೆ.

ಒಂದು ಬಿಲ್ಲು, ಒಂದು ಎಂಜಿನ್

ಸರ್ವೇಯರರ ತೀರ್ಮಾನ ಎಷ್ಟು ಭಾರದ್ದು ಎಂದು ತಿಳಿಯಲು ಒಂದು ಕಲ್ಪಿತ ಬಿಲ್ಲು ನೋಡೋಣ. ನಾಲ್ಕೂವರೆ ವರ್ಷ ಹಳೆಯ ಲಾರಿ. ಲೋಹದ ಭಾಗಗಳಿಗೆ 1,00,000, ರಬ್ಬರು ಮತ್ತು ಪ್ಲಾಸ್ಟಿಕ್ಕಿಗೆ 40,000, ಗಾಜಿಗೆ 10,000, ಕೂಲಿ 30,000. ಒಟ್ಟು 1,80,000 ರೂಪಾಯಿ. ಸಾಮಾನ್ಯ ಮೋಟಾರು ಪಾಲಿಸಿಯ ಸವಕಳಿ ಲೆಕ್ಕದಲ್ಲಿ ನಾಲ್ಕರಿಂದ ಐದು ವರ್ಷದ ಗಾಡಿಯ ಲೋಹಕ್ಕೆ ಶೇ. 35 ಕಡಿತ, ರಬ್ಬರು-ಪ್ಲಾಸ್ಟಿಕ್ಕಿಗೆ ಯಾವ ವಯಸ್ಸಿನಲ್ಲೂ ಶೇ. 50, ಗಾಜಿಗೆ ಕಡಿತವಿಲ್ಲ. ಉಳಿಯುವುದು 65,000, 20,000, 10,000 ಮತ್ತು ಕೂಲಿಯ 30,000, ಒಟ್ಟು 1,25,000. ಇದರಲ್ಲಿ ಪಾಲಿಸಿದಾರನೇ ಹೊರಬೇಕಾದ ಕಡ್ಡಾಯ ಪಾಲನ್ನೂ ಗುಜರಿ ಸಾಮಾನಿನ ಬೆಲೆಯನ್ನೂ ಕಳೆಯುತ್ತಾರೆ.

ಇಲ್ಲಿಯವರೆಗೆ ಬರೀ ಗಣಿತ. ಆದರೆ ಕ್ಯಾಬಿನ್ನಿನ ಬಾಗಿಲನ್ನು ಟಿಂಕರಿಂಗ್ ಮಾಡಿಸಿದರೆ ಸಾಕೋ, ಹೊಸದೇ ಹಾಕಬೇಕೋ? ಈ ತಗ್ಗು ಈ ಅಪಘಾತದ್ದೋ, ಹಿಂದಿನದೋ? ಇದಕ್ಕೆ ಗಣಿತವಿಲ್ಲ, ಸರ್ವೇಯರರ ಕಣ್ಣೇ ಪ್ರಮಾಣ. ರಿಪೇರಿಯ ಖರ್ಚು ವಿಮೆ ಮಾಡಿಸಿದ ಮೌಲ್ಯದ ಶೇ. 75 ದಾಟಿದರೆ ಗಾಡಿ ಪೂರ್ತಿ ನಷ್ಟ ಎಂದಾಗುತ್ತದೆ. ಆ ಗೆರೆಯ ಈಚೆಗೋ ಆಚೆಗೋ ಎಂಬುದು ಹಲವು ಸಲ ಇಂಥ ಸಣ್ಣ ಸಣ್ಣ ತೀರ್ಮಾನಗಳ ಮೊತ್ತ.

ನೀರಿನ ನಷ್ಟದಲ್ಲಿ ಇದು ಇನ್ನೂ ಕಷ್ಟ. ಕಾತ್ರಜದ ಗುಡ್ಡದಲ್ಲಿ ಹುಟ್ಟಿ ನಗರದೊಳಗೆ ಹರಿದು ಮುಠಾ ಸೇರುವ ಹಳ್ಳಕ್ಕೆ ಅಂಬಿಲ್ ಓಢಾ ಎಂದು ಹೆಸರು. ಪುಣೆಗೆ ಕುಡಿಯುವ ನೀರು ಕೊಡಲು ಕಾತ್ರಜದಲ್ಲಿ ಕೆರೆ ಕಟ್ಟಿಸಿ ಕಾಲುವೆ ತೋಡಿಸಿದ ನಾನಾಸಾಹೇಬ ಪೇಶ್ವೆಯ ಕಾಲದಲ್ಲೇ ಈ ಹಳ್ಳದ ದಾರಿಯನ್ನು ತಿರುಗಿಸಲಾಗಿತ್ತು. 2019ರ ಸೆಪ್ಟೆಂಬರ್ 25ರ ರಾತ್ರಿ ಸುರಿದ ಮಳೆಗೆ ಹಳ್ಳ ತನ್ನ ಎರಡೂ ದಡ ಮೀರಿತು. ಗೋಡೆಗಳು ಕುಸಿದವು, ಮನೆಗಳಿಗೆ ನೀರು ನುಗ್ಗಿತು, ಪುಣೆ ಜಿಲ್ಲೆಯಲ್ಲಿ ಇಪ್ಪತ್ತಕ್ಕೂ ಹೆಚ್ಚು ಜನ ಸತ್ತರು. ಬೆಳಗಾದಾಗ ಕಾರು, ಬೈಕುಗಳು ಒಂದರ ಮೇಲೊಂದು ಬಿದ್ದಿದ್ದವು.

ನೆರೆಯಲ್ಲಿ ನಿಂತ ಗಾಡಿಯ ಎಂಜಿನ್ನಿಗೆ ನೀರು ಹೋಗಿರುತ್ತದೆ. ಮಾಲೀಕ ಗಾಬರಿಯಲ್ಲಿ ಕೀಲಿ ತಿರುಗಿಸಿದರೆ ಪಿಸ್ಟನ್ನು ನೀರನ್ನು ಒತ್ತಲಾರದೆ ಕನೆಕ್ಟಿಂಗ್ ರಾಡ್ ಬಾಗುತ್ತದೆ. ನೀರು ನುಗ್ಗಿದ್ದು ನೆರೆಯ ನಷ್ಟ. ರಾಡ್ ಬಾಗಿದ್ದು ಕೀಲಿ ತಿರುಗಿಸಿದ್ದರಿಂದ ಬಂದ ನಷ್ಟ, ಅದಕ್ಕೆ ಬೇರೆ ರಕ್ಷಣೆ ಕೊಂಡಿರಬೇಕಿತ್ತು ಎಂದು ಕಂಪನಿಗಳು ವಾದಿಸುತ್ತವೆ. ಯಾವುದು ಯಾವುದರಿಂದ ಆಯಿತು ಎಂದು ಎಂಜಿನ್ ಬಿಚ್ಚಿಸಿ ನೋಡಿ ಬರೆಯುವವರು ಸರ್ವೇಯರ್. ಆ ಒಂದು ವಾಕ್ಯದ ಮೇಲೆ ಲಕ್ಷಾಂತರ ರೂಪಾಯಿ ನಿಂತಿರುತ್ತದೆ.

ಕೋರ್ಟು ಹೇಳಿದ್ದು

1986ರ ಗ್ರಾಹಕ ರಕ್ಷಣಾ ಕಾಯ್ದೆ ಬಂದ ಮೇಲೆ ಸಾಮಾನ್ಯ ಪಾಲಿಸಿದಾರನಿಗೂ ಈ ವಾಕ್ಯವನ್ನು ಪ್ರಶ್ನಿಸುವ ಜಾಗ ಸಿಕ್ಕಿತು. 2009ರಲ್ಲಿ ಸುಪ್ರೀಂ ಕೋರ್ಟ್ ಎರಡು ಮುಖ್ಯ ತೀರ್ಪು ಕೊಟ್ಟಿತು. ನ್ಯೂ ಇಂಡಿಯಾ ಅಶ್ಯೂರೆನ್ಸ್ ಮತ್ತು ಪ್ರದೀಪ್ ಕುಮಾರ್ ನಡುವಿನ ಪ್ರಕರಣದಲ್ಲಿ ಸರ್ವೇಯರರ ವರದಿ ಇತ್ಯರ್ಥಕ್ಕೆ ಆಧಾರವಾಗಬಹುದೇ ಹೊರತು ಮೀರಲಾಗದ ಕೊನೆಯ ಮಾತಲ್ಲ ಎಂದಿತು. ಶ್ರೀ ವೆಂಕಟೇಶ್ವರ ಸಿಂಡಿಕೇಟ್ ಪ್ರಕರಣದಲ್ಲಿ, ತನಗೆ ಒಪ್ಪುವ ವರದಿ ಸಿಗುವ ತನಕ ಕಂಪನಿ ಒಬ್ಬರ ಮೇಲೊಬ್ಬರಂತೆ ಸರ್ವೇಯರರನ್ನು ನೇಮಿಸುತ್ತ ಹೋಗುವಂತಿಲ್ಲ, ಮೊದಲ ವರದಿ ಏಕೆ ಬೇಡ ಎಂಬುದಕ್ಕೆ ಸರಿಯಾದ ಕಾರಣ ಕೊಡಬೇಕು ಎಂದಿತು. ಮೊದಲನೆಯದು ಪಾಲಿಸಿದಾರನಿಗೆ ವರದಿಯನ್ನು ಪ್ರಶ್ನಿಸಲು ದಾರಿ ಕೊಟ್ಟಿತು, ಎರಡನೆಯದು ಕಂಪನಿಗೆ ಕಡಿವಾಣ ಹಾಕಿತು.

2021ರ ಖತೀಮಾ ಫೈಬರ್ಸ್ ತೀರ್ಪು ಇನ್ನೊಂದು ತಿರುವು. ಉತ್ತರಾಖಂಡದ ಕಾಗದ ಕಾರ್ಖಾನೆಯೊಂದರಲ್ಲಿ 2007ರಲ್ಲಿ ರದ್ದಿ ಕಾಗದದ ರಾಶಿಗೆ ಬೆಂಕಿ ಬಿದ್ದಿತ್ತು. ಸರ್ವೇಯರ್ ಲೆಕ್ಕ ಹಾಕಿದ ನಷ್ಟ ಕಾರ್ಖಾನೆ ಕೇಳಿದ್ದರ ಸಣ್ಣ ಪಾಲು. ಕಾರ್ಖಾನೆ ಸೋತಿತು. ಸರ್ವೇಯರ್ ಸಂಹಿತೆಗೆ ತಕ್ಕಂತೆ ನಡೆದುಕೊಂಡಿದ್ದರೆ ಗ್ರಾಹಕ ಆಯೋಗ ಮತ್ತೆ ತಾನೇ ನಷ್ಟ ಅಳೆಯಲು ಕೂರಬೇಕಾಗಿಲ್ಲ ಎಂದು ಕೋರ್ಟು ಹೇಳಿತು. ಸರ್ವೇಯರ್ ಸಂಹಿತೆ ಮುರಿದು, ಅದಕ್ಕೆ ಕಣ್ಣುಮುಚ್ಚಿ ಕಂಪನಿ ಆ ವರದಿಯನ್ನೇ ಹಿಡಿದುಕೊಂಡರೆ ಆಗ ಅದು ಸೇವೆಯ ಲೋಪ.

ಈ ತೀರ್ಪಿನ ಮೇಲೆ 2000ದ ಆ ಸಾಲುಗಳನ್ನು ಬೇರೆ ಕಣ್ಣಿನಿಂದ ಓದಬೇಕಾಗುತ್ತದೆ. ಅಲ್ಲಿಯವರೆಗೆ ನಡತೆಯ ಸಂಹಿತೆ ವೃತ್ತಿಯವರ ಮನೆಯೊಳಗಿನ ಶಿಸ್ತಿನಂತೆ ಕಾಣುತ್ತಿತ್ತು. ಈಗ ನಷ್ಟವಾದವನ ಕೈಯಲ್ಲಿ ಉಳಿದಿರುವ ಮುಖ್ಯ ಹಿಡಿಕೆ ಅದೇ. ‘ನನಗೆ ಕಡಿಮೆ ಬಂತು’ ಎಂದರೆ ಸಾಲದು. ಸರ್ವೇಯರ್ ಸ್ಥಳಕ್ಕೆ ಬರಲಿಲ್ಲ, ನಾನು ಕೊಟ್ಟ ಕಾಗದ ನೋಡಲಿಲ್ಲ, ಕಾರಣ ಬರೆಯಲಿಲ್ಲ, ಈ ಕೆಲಸ ಅವರ ವಿಭಾಗದ್ದಲ್ಲ, ವರದಿಗೆ ವಿನಾಕಾರಣ ತಿಂಗಳುಗಟ್ಟಲೆ ಹಿಡಿಯಿತು ಎಂದು ಬೊಟ್ಟು ಮಾಡಿ ತೋರಿಸಬೇಕು. ಹಾಗೆ ತೋರಿಸಲು ಸಂಹಿತೆಯಲ್ಲಿ ಏನಿದೆ ಎಂದು ಗೊತ್ತಿರಬೇಕು. ಪುಣೆಯಲ್ಲೂ ಬೆಂಗಳೂರಿನಲ್ಲೂ ವಿಮಾ ಒಂಬುಡ್ಸ್‌ಮನ್ ಕಚೇರಿಗಳಿವೆ, ಅಲ್ಲಿ ದೂರಿಗೆ ಶುಲ್ಕವಿಲ್ಲ, ವಕೀಲರೂ ಬೇಕಿಲ್ಲ. ಆದರೆ ಅಲ್ಲಿಯೂ ಮೊದಲು ಬೇಕಾಗುವುದು ಕೇಳಿ ಪಡೆದ ವರದಿಯ ಪ್ರತಿ.

ಕಾತ್ರಜದ ಇಳಿಜಾರಿನಲ್ಲಿ ಪೊಲೀಸರ ಪಂಚನಾಮೆಯ ಕೆಳಗೆ ಪಂಚರ ಸಹಿ ಇರುತ್ತದೆ. ಸರ್ವೇಯರರ ವರದಿಯ ಕೆಳಗೆ ಒಂದೇ ಸಹಿ, ಅದರ ಕೆಳಗೆ ಲೈಸೆನ್ಸ್ ನಂಬರ್, ಅದು ಯಾವ ದಿನದವರೆಗೆ ಊರ್ಜಿತ ಎಂಬ ತಾರೀಖು. ಒಬ್ಬರನ್ನೇ ಪಂಚರಂತೆ ನಡೆದುಕೊಳ್ಳುವಂತೆ ಕಟ್ಟಿಹಾಕಲು ಕಾನೂನು ಕಂಡುಕೊಂಡ ಉಪಾಯ ಆ ನಂಬರ್. ದಾವಣಗೆರೆಯಿಂದ ಫೋನಿನಲ್ಲಿ ವಿಚಾರಿಸುವ ಲಾರಿ ಮಾಲೀಕ ಗಾಡಿ ಎಲ್ಲಿದೆ, ಡ್ರೈವರ್ ಹೇಗಿದ್ದಾನೆ, ಎಷ್ಟು ಹೋಯಿತು ಎಂದು ಕೇಳುತ್ತಾನೆ. ಜೊತೆಗೆ ನೋಡಲು ಬಂದಿದ್ದವರ ಹೆಸರು, ಅವರ ಲೈಸೆನ್ಸ್ ನಂಬರ್, ಬಂದ ದಿನ ಕೇಳಿ ಬರೆದಿಟ್ಟುಕೊಂಡರೆ 1968ರಿಂದ ಈಚೆಗೆ ಬರೆದ ಇಷ್ಟೆಲ್ಲ ನಿಯಮ ಅವನ ಪಾಲಿಗೂ ಕೆಲಸಕ್ಕೆ ಬರುತ್ತದೆ.